ಹೊಳಿ ಮ್ಯಾಲಿನ ಕೇರಿ

ನಿಕೋಸಿಯಾ, ಸೈಪ್ರಸ್ ದ್ವೀಪ
೧೧ ಫೆಬ್ರವರಿ ೨೦೨೪

ಅಪ್ಪಾ, ಜೈಭೀಮ್.

ಎರಡು ವರ್ಷದಿಂದ ನೀನು ನನ್ನ ಫೋನ್ ಎತ್ತಿಲ್ಲ. ಅದಕ್ಕೇ ಕಾಗದ. ಹರಿದು ಒಲೆಗೆ ಹಾಕಬೇಕೆಂದರೂ ಒಮ್ಮೆ ಕೈಯಲ್ಲಿ ಹಿಡಿಯಲೇಬೇಕಲ್ಲ.

ಮೊನ್ನೆ ಪಕ್ಕದ ಮನೆಯ ನೀಲಾ ಫೋನ್ ಮಾಡಿದ್ದಳು. ಮಹಾಪೂರಕ್ಕೆ ಸಿಗುವ ಊರೆಂದು ಕುರುವಿನಹಾಳವನ್ನು ಹೊಳೆದಂಡೆಯಿಂದ ಎತ್ತುತ್ತಾರಂತೆ. ಕೇರಿಗೆ ಮಡ್ಡಿಯ ಮೇಲೆ ಪ್ಲಾಟು ಕೊಡುತ್ತಾರಂತೆ. ಅಳತೆಗೆ ಬಂದವರ ಟೇಪು ಕಸಿದು ನೀನು ಹೊಳೆಗೆ ಎಸೆದೆಯಂತೆ. "ನಿಮ್ಮಪ್ಪ ಒಗದ ಟೇಪು ತೇಲಿಕೋತ ಇಷ್ಟೊತ್ತಿಗೆ ಹೊಳೆಆಲೂರ ಠೇಸನ್ ಮುಟ್ಟಿರಬೇಕ ನೋಡ. ರೈಲ ಹತ್ತಿ ಗದಗಕ್ಕ ಹೊಂಟಿರಬೇಕ," ಅಂತ ಅವಳು ನಕ್ಕಳು. ನನಗೆ ನಗು ಬರಲಿಲ್ಲ.

ನೇರ ಮಾತು ನೀನೇ ಕಲಿಸಿದ್ದು, ನೇರವಾಗಿಯೇ ಹೇಳುತ್ತೇನೆ. ಪ್ಲಾಟು ತಗೋ. ೨೦೧೯ರ ಆಗಸ್ಟಿನಲ್ಲಿ ಮಲಪ್ರಭೆ ನಮ್ಮ ಮನೆಯೊಳಗೆ ಎದೆಮಟ್ಟ ನಿಂತಿತ್ತು. ಅವ್ವನನ್ನು ನೀನು ಹೆಗಲ ಮೇಲೆ ಹೊತ್ತು ತಂದೆ. ಆ ನೀರು ಇಳಿದ ಮೇಲೆ ಅವ್ವ ಮತ್ತೆ ಎದ್ದು ಓಡಾಡಲಿಲ್ಲ. ಇನ್ನೂ ಆ ದಂಡೆಯ ಮೇಲೆ ಯಾಕೆ ಹಟ?

ನಾನಿರುವ ಪಟ್ಟಣಕ್ಕೂ ಒಂದು ಹೊಳೆಯಿದೆ. ಪೆಡಿಯೋಸ್ ಎಂದು ಹೆಸರು. ಈ ದ್ವೀಪದಲ್ಲಿ ಅದೇ ಎಲ್ಲಕ್ಕಿಂತ ಉದ್ದದ್ದು. ನಮ್ಮ ಮಲಪ್ರಭೆಯ ಮುಂದೆ ಒಂದು ಹಳ್ಳ, ಅಷ್ಟೆ. ತ್ರೂಡೋಸ್ ಬೆಟ್ಟದಲ್ಲಿ ಹುಟ್ಟಿ, ಪಟ್ಟಣದ ನಡುವೆ ಹಾದು, ಮೂಡಣ ಸಮುದ್ರ ಸೇರುತ್ತದೆ. ಚಳಿಗಾಲದಲ್ಲಿ ಮಾತ್ರ ನೀರು. ನಾನು ನೋಡಿಕೊಳ್ಳುವ ಸ್ಟಾವ್ರೂಲಾ ಅಜ್ಜಿಯನ್ನು ಗಾಲಿಕುರ್ಚಿಯಲ್ಲಿ ಕೂರಿಸಿ ದಿನವೂ ಆ ದಂಡೆಯ ನೀಲಗಿರಿ ಮರಗಳ ಕೆಳಗೆ ತಳ್ಳಿಕೊಂಡು ಹೋಗುತ್ತೇನೆ. ಅಜ್ಜಿ ಹುಟ್ಟಿದ್ದು ಈ ಹೊಳೆ ಸಮುದ್ರ ಮುಟ್ಟುವ ಸೀಮೆಯ ಒಂದು ಹಳ್ಳಿಯಲ್ಲಿ. ಆ ಹಳ್ಳಿಯ ಪಕ್ಕದಲ್ಲೇ ಎಂಕೋಮಿ ಎಂಬ ಹಾಳು ಪಟ್ಟಣವಿದೆ. ಮೂರು ಸಾವಿರ ವರ್ಷಕ್ಕೂ ಹಳೆಯದು. ಬೆಟ್ಟದ ತಾಮ್ರ ಆ ಪಟ್ಟಣಕ್ಕೆ ಬಂದು, ಕರಗಿ, ಹಡಗು ಹತ್ತಿ ಲೋಕವೆಲ್ಲ ಹೋಗುತ್ತಿತ್ತಂತೆ. ಕೊನೆಗೆ ಹೊಳೆಯೇ ಹೂಳು ತಂದು ಬಂದರು ಮುಚ್ಚಿತಂತೆ. ಜನ ಗುಡಿ, ಗೋಡೆ, ಮನೆ ಎಲ್ಲ ಬಿಟ್ಟು ಎದ್ದು ಹೋದರಂತೆ.

ಅಂಥ ಪಟ್ಟಣದವರೇ ಎದ್ದು ಹೋದರು. ನಮ್ಮ ಕೇರಿಗೆ ಏನು ಕಷ್ಟ?

ಅನಿತಾ

*

ಕುರುವಿನಹಾಳ
೧೯ ಮಾರ್ಚ್ ೨೦೨೪

ಮಗಳೇ,

ನಿನ್ನ ಕಾಗದ ಹರಿಯಲಿಲ್ಲ. ಒಲೆಗೂ ಹಾಕಲಿಲ್ಲ. ಆದರೆ ಸಿಟ್ಟು ಬಂತು. ಅದನ್ನು ಮುಚ್ಚಿಡುವುದಿಲ್ಲ.

ನಿನ್ನ ಅವ್ವನನ್ನು ಕೊಂದದ್ದು ಹೊಳೆಯಲ್ಲ, ತಗಡಿನ ಶೆಡ್ಡು. ಹೊಳೆ ನಾಲ್ಕು ದಿನ ನಿಂತು ತನ್ನ ದಾರಿ ಹಿಡಿಯಿತು. ಶೆಡ್ಡಿನಲ್ಲಿ ನಮ್ಮನ್ನು ಒಂದೂವರೆ ವರ್ಷ ಇಟ್ಟರು. "ತಾತ್ಕಾಲಿಕ" ಅಂದರು. ಬ್ಯಾಸಗಿಯ ಮಧ್ಯಾಹ್ನ ಆ ತಗಡು ರೊಟ್ಟಿ ಹಂಚಿನ ಹಾಗೆ ಕಾಯುತ್ತಿತ್ತು. ಅದರ ಕೆಳಗೆ ಕರಿಯವ್ವ ಜ್ವರದಲ್ಲಿ ಮಲಗಿದ್ದಳು. ನೀನು ಹುಬ್ಬಳ್ಳಿಯಲ್ಲಿ ನರ್ಸಿಂಗ್ ಕಲಿಯುತ್ತಿದ್ದೆ. ನಿನಗೆ ನೀರು ಕಂಡಿತು, ಶೆಡ್ಡು ಕಾಣಲಿಲ್ಲ.

ಈಗ ಮಡ್ಡಿಯ ಮಾತು. ಊರಿನವರಿಗೆ ನರಗುಂದ ರಸ್ತೆಯ ದಂಡೆಗೆ, ಎರಿನೆಲದಲ್ಲಿ ಪ್ಲಾಟು. ಕೇರಿಗೆ ಮಾತ್ರ ಐದು ಕಿಲೋಮೀಟರ್ ಆಚೆಯ ಮಡ್ಡಿ. ಅಲ್ಲಿ ಹುಲ್ಲು ಹುಟ್ಟಬೇಕಾದರೂ ಅರ್ಜಿ ಹಾಕಬೇಕು. ನೀರಿಲ್ಲ. ಕೂಲಿಗೆ ಹೊಲಕ್ಕೆ ಬರಲು ಐದು, ಹೋಗಲು ಐದು. ಹೊಳೆ ಬಂದಾಗ ಯಾರ ಜಾತಿಯನ್ನೂ ಕೇಳಲಿಲ್ಲ, ಎಲ್ಲರ ಮನೆಗೂ ನುಗ್ಗಿತು. ನಕ್ಷೆ ಬಂದಾಗ ಕೇಳಿತು. ಅದಕ್ಕೇ ಟೇಪು ಎಸೆದೆ. ಇನ್ನೊಂದು ತಂದರೆ ಅದನ್ನೂ ಎಸೆಯುತ್ತೇನೆ.

ಚಹಾದ ಅಂಗಡಿಯಲ್ಲಿ ಮುತ್ತಣ್ಣ ಗೌಡ ಸಿಕ್ಕಿದ್ದ. "ಪರಶಪ್ಪಾ, ಮಡ್ಡಿ ಮ್ಯಾಲ ಗಾಳಿ ಭಾಳ ಚಲೋ ಬೀಸತೈತಿ. ನಿಮ್ಮ ಮಂದಿಗೆ ಫ್ಯಾನಿನ ಖರ್ಚು ಉಳೀತು," ಅಂದ.

"ಹಂಗಾರ ನೀವ ಹೋಗ್ರಿ ಗೌಡ್ರ. ನಾವು ರಸ್ತಾದಂಡಿ ಸೆಕಿಯೊಳಗ ಹ್ಯಾಂಗೋ ತಡಕೊಂತೀವಿ," ಅಂದೆ. ಅಂಗಡಿಯವನು ಕಪ್ಪು ತೊಳೆಯುವ ನೆವದಿಂದ ಆ ಕಡೆ ತಿರುಗಿ ನಕ್ಕ.

ನಿನ್ನ ಎಂಕೋಮಿಯ ಕಥೆ ಚಂದ ಇದೆ. ಆದರೆ ಅರ್ಧ ಇದೆ. ಪಟ್ಟಣ ಎದ್ದು ಹೋಯಿತು ಎಂದೆಯಲ್ಲ, ಎಲ್ಲಿಗೆ ಹೋಯಿತು? ಎಷ್ಟು ದೂರ? ತಾಮ್ರ ಕರಗಿಸಿದವರ, ಬುಟ್ಟಿ ಹೊತ್ತವರ ಮನೆ ಎಲ್ಲಿದ್ದವು, ಊರೊಳಗೋ ಹೊರಗೋ? ಪುಸ್ತಕದವರು ರಾಜ ಊರು ಕಟ್ಟಿದ ಎಂದು ಬರೆಯುತ್ತಾರೆ. ಯಾವ ರಾಜ ಯಾವತ್ತು ಬುಟ್ಟಿ ಎತ್ತಿದ್ದಾನೆ? ನಿನ್ನ ಅಜ್ಜಿಯನ್ನು ಕೇಳು.

ಇನ್ನೊಂದು. ಊರಿನವರ ಹೊಲಸು ಬಳಿಯುವುದನ್ನು ನಿಲ್ಲಿಸಬೇಕೆಂದು ನಾವು ಲಾಠಿ ತಿಂದೆವು, ಜೈಲು ಕಂಡೆವು. ನೀನು ಸಮುದ್ರ ದಾಟಿ ಹೋಗಿ ಯಾರದೋ ಹೊಲಸು ಬಳಿಯುತ್ತೀ. ಫೋನ್ ಎತ್ತದ್ದು ಅದಕ್ಕೆ.

ಪರಶಪ್ಪ

*

ನಿಕೋಸಿಯಾ
೨೧ ಏಪ್ರಿಲ್ ೨೦೨೪

ಅಪ್ಪಾ, ಜೈಭೀಮ್.

ಶೆಡ್ಡಿನ ಮಾತು ಬರೆದೆಯಲ್ಲ. ಆ ಸಾಲನ್ನು ಮತ್ತೆ ಮತ್ತೆ ಓದಿದೆ. ಮುಂದಕ್ಕೆ ಹೋಗುತ್ತೇನೆ.

ಹೊಲಸು ಬಳಿಯುತ್ತೇನೆ, ಹೌದು. ಒಬ್ಬ ಮುದುಕಿಯನ್ನು ತೊಳೆಯುತ್ತೇನೆ, ಒರೆಸುತ್ತೇನೆ. ಆದರೆ ನಾನು ಕುಡಿದ ಲೋಟವನ್ನು ಯಾರೂ ಹೊರಗಿನ ಗೂಡಿನಲ್ಲಿ ಇಡುವುದಿಲ್ಲ. ಅವಳ ತಟ್ಟೆಯ ಆಲಿವ್ ಕಾಯಿ ನನಗೆ, ನಾನು ಬಡಿದ ರೊಟ್ಟಿ ಅವಳಿಗೆ. ಇದು ಸ್ವರ್ಗ ಎಂದೇನೂ ತಿಳಿಯಬೇಡ. ಬಸ್ಸಿನಲ್ಲಿ ನನ್ನ ಪಕ್ಕದ ಸೀಟು ಕೊನೆಯವರೆಗೂ ಖಾಲಿ ಇರುತ್ತದೆ. ನಾನು ಬಂದ ಮೊದಲ ದಿನವೇ ಅಜ್ಜಿಯ ಮಗ ನನ್ನ ಪಾಸ್‌ಪೋರ್ಟ್ ತನ್ನ ಹತ್ತಿರ ಇರಲಿ ಎಂದ. ಕೊಡಲಿಲ್ಲ. ವಾರದ ರಜೆ ಕೊಡುವುದಿಲ್ಲ ಎಂದ. ಜಗಳ ಮಾಡಿ ಪಡೆದೆ. ಯಾರ ಮಗಳು ಅಂತ ಅವನಿಗೂ ಗೊತ್ತಾಗಲಿ.

ನಿನ್ನ ಪ್ರಶ್ನೆಗಳನ್ನು ಅಜ್ಜಿಗೆ ಒಪ್ಪಿಸಿದೆ. ನನ್ನ ಮುರುಕು ಗ್ರೀಕು ಕೇಳಿ ಅವಳು ಮೊದಲು ನಕ್ಕಳು, ಆಮೇಲೆ ಗಾಲಿಕುರ್ಚಿ ನಿಲ್ಲಿಸು ಎಂದಳು. ಅವಳಪ್ಪ ಎಂಕೋಮಿಯ ಉತ್ಖನನದಲ್ಲಿ ಮಣ್ಣು ಹೊರುವ ಕೂಲಿಯಾಗಿದ್ದನಂತೆ. ಇವಳು ಸಣ್ಣವಳಿದ್ದಾಗ ಅವನಿಗೆ ಬುತ್ತಿ ಒಯ್ಯುತ್ತಿದ್ದಳು. ಅಪ್ಪನ ಬಾಯಿಂದ ಕೇಳಿದ್ದೆಲ್ಲ ಅವಳಿಗೆ ಬಾಯಿಪಾಠ. ತಾಮ್ರ ಕರಗಿಸುವ ಕುಲುಮೆಗಳು ಊರೊಳಗೇ ಸಿಕ್ಕವಂತೆ, ಹೊರಗಲ್ಲ. ಸತ್ತವರನ್ನೂ ದೂರ ಒಯ್ಯಲಿಲ್ಲ, ಮನೆಗಳ ಕೆಳಗೇ, ಅಂಗಳದ ಕೆಳಗೇ ಗೋರಿ. ಆ ಕಾಲದ ತಾಮ್ರದ ಗಟ್ಟಿಗೆ ಯಾವ ಆಕಾರ ಗೊತ್ತೇ? ಸುಲಿದ ಎತ್ತಿನ ತೊಗಲನ್ನು ನಾಲ್ಕೂ ಕಾಲು ಚಾಚಿ ನೆಲಕ್ಕೆ ಹರವಿದ ಹಾಗೆ. ನಾನು ಇಲ್ಲಿನ ವಸ್ತುಸಂಗ್ರಹಾಲಯದಲ್ಲಿ ಅಂಥದೊಂದನ್ನು ನೋಡಿದೆ. ನಮ್ಮ ಮುತ್ಯಾ ತೊಗಲು ಹರವುತ್ತಿದ್ದ ಹಿತ್ತಲು ನೆನಪಾಯಿತು. ಯಾರು ಒಡೆಯ, ಯಾರು ಆಳು ಎಂಬುದನ್ನು ಮಾತ್ರ ಮಣ್ಣು ಪೂರ್ತಿ ಹೇಳುವುದಿಲ್ಲ. ಅವರನ್ನೂ ನಾನು ದೇವರು ಮಾಡುವುದಿಲ್ಲ.

ಎಷ್ಟು ದೂರ ಹೋದರು ಎಂದು ಕೇಳಿದೆಯಲ್ಲ. ಅಜ್ಜಿ ಅದಕ್ಕೆ ರೇಗಿದಳು. ಅವಳ ಮಾತನ್ನು ನಮ್ಮ ಮಾತಿಗೆ ತಿರುಗಿಸಿದರೆ ಹೀಗೆ: "ಹೊಳಿ ಬಿಟ್ಟು ಯಾರ ಹೋದರ, ಹುಚ್ಚಿ? ಬಂದರದ ಬಾಯಿ ಮುಚ್ಚಿತು ಅಂತ ಒಂದೀಟು ಸರದು ಕುಂತರು, ಅಷ್ಟ." ಹೊಸ ಊರಿನ ಹೆಸರು ಸಲಾಮಿಸ್. ಅಪ್ಪನಿಗೆ ಬುತ್ತಿ ಕೊಟ್ಟು, ಅಲ್ಲಿಂದ ಸಲಾಮಿಸ್‌ಗೆ ಓಡಿಹೋಗಿ ಸಮುದ್ರದಲ್ಲಿ ಕಾಲು ತೋಯಿಸಿಕೊಂಡು, ಬುತ್ತಿ ಪಾತ್ರೆ ಇಸಿದುಕೊಳ್ಳಲು ವಾಪಸು ಬರುತ್ತಿದ್ದಳಂತೆ. ಅಷ್ಟೇ ದೂರ.

ಹಾಗಾದರೆ ನಾನು ತಪ್ಪಿದೆ. ಸರಿಯುವುದು ಬೇರೆ, ಎಸೆಯುವುದು ಬೇರೆ.

ಅಜ್ಜಿಗೆ ಈ ವ್ಯತ್ಯಾಸ ಮೈಮೇಲೆ ಗೊತ್ತು. ೧೯೭೪ರ ಯುದ್ಧದಲ್ಲಿ ದ್ವೀಪ ಎರಡು ಹೋಳಾಯಿತು. ಅವಳ ಹಳ್ಳಿ ಗಡಿಯಾಚೆ ಉಳಿಯಿತು. ಅವಳು ಈಚೆ ನಿರಾಶ್ರಿತಳಾದಳು. ಇಪ್ಪತ್ತು ವರ್ಷದ ಹಿಂದೆ ಗಡಿಯ ಬಾಗಿಲು ತೆರೆದಾಗ ಒಂದೇ ಸಲ ಹೋಗಿದ್ದಳು. ಅವಳ ಮನೆಯಲ್ಲಿದ್ದವರು ಕೂರಿಸಿ ಕಾಫಿ ಕೊಟ್ಟರು. ಕುಡಿದು ಬಂದಳು. ಮತ್ತೆ ಹೋಗಲಿಲ್ಲ. ಪೆಡಿಯೋಸ್ ಮಾತ್ರ ಕಾಗದಪತ್ರ ಇಲ್ಲದೆ ಆ ಗಡಿ ದಾಟುತ್ತದೆ. ನಾನು ದಾಟಿದರೆ ತಿರುಗಿ ಒಳಗೆ ಬಿಡುತ್ತಾರೆಂದು ಯಾರೂ ಖಾತ್ರಿ ಕೊಡುವುದಿಲ್ಲ.

ಈಗ ನನ್ನ ಪ್ರಶ್ನೆ. ಆ ಮಹಾಪೂರದಲ್ಲಿ ನಮ್ಮ ಸೀಮೆಯಲ್ಲಿ ನೀರು ಮುಟ್ಟದ ಜಾಗ ಯಾವುದು? ಹಾಳೂರ ದಿಬ್ಬ. ವರ್ಷವೂ ಜೂನಿನ ಮಿರಗದ ಮಳೆಗೆ ಮೊದಲು ಊರಿನ ಮ್ಯಾಳಗಿಗಳಿಗೆ, ಆ ಮಣ್ಣಿನ ಚಾವಣಿಗಳಿಗೆ, ಹಾಕುವ ಹಾಳಮಣ್ಣನ್ನು ನೀವು ಅಲ್ಲಿಂದಲೇ ಅಗೆದು ಹೊರುತ್ತೀರಿ. ನಾನು ಸಣ್ಣವಳಿದ್ದಾಗ ಚಕ್ಕಡಿಯ ಮೇಲೆ ಕೂತು ಬರುತ್ತಿದ್ದೆ. ಬುಟ್ಟಿಗೊಂದು ಗಡಿಗೆಯ ಚೂರು, ಬಳೆಯ ಚೂರು ಸಿಗುತ್ತಿತ್ತು. "ಯಾರದಪ್ಪಾ ಇದು?" ಎಂದರೆ ನೀನು "ಹಳೇ ಊರಿನವರದು" ಎನ್ನುತ್ತಿದ್ದೆ. ಆ ಹಳೇ ಊರಿನವರು ಈ ಹೊಳೆಯನ್ನು ನೋಡಿ, ಅಳೆದು, ಆ ದಿಬ್ಬದ ಮೇಲೆ ಕೂತಿದ್ದರು. ಊರಿನಿಂದ ಕೂಗಳತೆ. ಅವ್ವನನ್ನು ಮಣ್ಣು ಮಾಡಿದ ಜಾಗವೂ ಅಲ್ಲಿಂದ ಕಾಣುತ್ತದೆ.

ಕೇರಿ ಸರಿಯಲಿ. ಮಡ್ಡಿಗಲ್ಲ, ದಿಬ್ಬಕ್ಕೆ.

ನಿನ್ನ ಮಗಳು
ಅನಿತಾ

*

ಕುರುವಿನಹಾಳ
೬ ಜೂನ್ ೨೦೨೪

ಮಗಳೇ,

ನಿನ್ನ ಕಾಗದವನ್ನು ಕೇರಿಯ ಕಟ್ಟೆಯ ಮೇಲೆ ನಿಂತು ಎಲ್ಲರಿಗೂ ಓದಿದೆ. ಹೊಲಸಿನ ಮಾತಿಗೆ ನನಗೆ ಎದುರು ಕೊಟ್ಟ ಭಾಗವನ್ನೂ ಬಿಡಲಿಲ್ಲ. ಅದಕ್ಕೇ ಚಪ್ಪಾಳೆ ಹೆಚ್ಚು. ತೊಗಲಿನ ಆಕಾರದ ತಾಮ್ರ ಎಂದಾಗ ಮುದುಕ ಕರೆಪ್ಪ ಎದ್ದು ನಿಂತ. "ನಾ ಹರವಿದ ತೊಗಲೆಲ್ಲಾ ತಾಮ್ರ ಆಗಿದ್ದರ ಇವತ್ತ ಮುತ್ತಣ್ಣ ನನ್ನ ಬಾಗಲದಾಗ ಕೈ ಕಟ್ಟಿ ನಿಂತಿರ್ತಿದ್ದ!" ಕೇರಿ ಹೊಟ್ಟೆ ಹಿಡಿದು ನಕ್ಕಿತು.

ದಿಬ್ಬ ಎಂದಾಗ ಮಾತ್ರ ನಗು ನಿಂತಿತು. ಯಾಕೆಂದು ನಿನಗೂ ಗೊತ್ತು. ದಿಬ್ಬ ಇರುವುದು ಹೊಳೆಯ ಮೇಲುಗಡೆ, ನೀರು ಊರಿಗೆ ಹರಿದು ಬರುವ ದಿಕ್ಕಿಗೆ. ನೀರು ತುಂಬುವ ಊರಿನ ಘಟ್ಟ ಮೇಲೆ, ಕೇರಿಯ ಘಟ್ಟ ಕೆಳಗೆ. ಬ್ಯಾಸಗಿಯಲ್ಲಿ ನಳ ಬತ್ತಿ, ಹೊಳೆಯ ಉಸುಕಿನಲ್ಲಿ ವರ್ತಿ ತೋಡಿ ನೀರು ತುಂಬುವಾಗಲೂ ಅವರ ವರ್ತಿ ಮೇಲೆ, ನಮ್ಮದು ಕೆಳಗೆ. ಅವರ ಎಮ್ಮೆ ಮೈ ತೊಳೆದುಕೊಂಡ ನೀರು ನಮ್ಮ ಕೊಡಕ್ಕೆ. ಈ ಕಾನೂನು ಯಾವ ಕಾಗದದಲ್ಲೂ ಇಲ್ಲ. ಎಲ್ಲರ ಹೊಟ್ಟೆಯಲ್ಲೂ ಇದೆ, ನಮ್ಮವರ ಹೊಟ್ಟೆಯಲ್ಲೂ. ಅದನ್ನು ಅಗೆದು ತೆಗೆಯಲು ನನಗೆ ಎರಡು ವಾರ ಹಿಡಿಯಿತು.

ಗ್ರಾಮಸಭೆಯಲ್ಲಿ ನೀಲಾ ಎದ್ದಳು. "ನಮಗ ಮಡ್ಡಿ ಬ್ಯಾಡ್ರಿ. ಹಾಳೂರ ದಿಬ್ಬ ಕೊಡ್ರಿ."

ಹಿಂದಿನಿಂದ ಊರಿನವನೊಬ್ಬ, "ಹೊಳಿ ಮ್ಯಾಲಿನ ಕಡಿ ಕೇರಿ ಬಂದರ ನಾವೇನು ಕುಡೀಬೇಕವಾ?" ಅಂದ.

"ಇಷ್ಟು ದಿವಸ ನಾವೇನು ಕುಡದೀವಿ ಅದನ್ನ ಕುಡೀರಿ," ಅಂದಳು ನೀಲಾ.

ಜಾತಿಯ ಮಾತು ಸಭೆಯಲ್ಲಿ ನಡೆಯುವುದಿಲ್ಲ ಎಂದು ಮುತ್ತಣ್ಣನಿಗೆ ಹೊಳೆಯಿತು. ದಾರಿ ಬದಲಿಸಿದ. "ದಿಬ್ಬ ನಮ್ಮಪ್ಪಂದು. ನಮ್ಮ ಹೊಲಕ್ಕ ಹತ್ತಿ ಐತಿ, ನಮ್ಮ ಹೊಲದಾಗ ಐತಿ," ಅಂದ. ಊರಿನ ಹಿರಿಯರೆಲ್ಲ ತಮ್ಮ ತಮ್ಮ ಕಾಲ ಬೆರಳು ನೋಡಿಕೊಂಡರು.

ಅವತ್ತೇ ಕೇರಿ ಕೂಡಿ ಮಾತಾಡಿದೆವು. ದಿಬ್ಬ ಗೌಡನದಾದರೆ ಮಣ್ಣನ್ನೂ ಗೌಡನೇ ಹೊರಲಿ. ಈ ವರ್ಷ ಯಾರ ಮ್ಯಾಳಗಿಗೂ ಕೇರಿಯಿಂದ ಒಂದು ಬುಟ್ಟಿ ಹಾಳಮಣ್ಣು ಏರುವುದಿಲ್ಲ. ಊರಿನಲ್ಲಿ ಸ್ಲ್ಯಾಬಿನ ಮನೆ ಬೆರಳೆಣಿಕೆ, ಉಳಿದದ್ದೆಲ್ಲ ಮಣ್ಣಿನ ಮ್ಯಾಳಗಿ. ನಾಳೆ ಮಿರಗ ಕೂಡುತ್ತದೆ. ಮುತ್ತಣ್ಣ ಮೀಸೆ ತಿರುವಿ "ಜೆಸಿಬಿ ತರಸ್ತೀನಿ" ಎಂದಿದ್ದಾನೆ. ತರಿಸಲಿ.

ನರಗುಂದಕ್ಕೆ ಹೋಗಿ ಹಳೆಯ ಸಂಗಾತಿಗಳನ್ನು ಕಂಡು ಕರಪತ್ರ ಅಚ್ಚು ಹಾಕಿಸಿಕೊಂಡು ಬಂದೆ. ಬಹಳ ವರ್ಷದ ಮೇಲೆ 'ಕ್ರಾಂತಿ' ಎಂಬ ಪದ ಇಲ್ಲದೆಯೂ ಒಂದು ಒಳ್ಳೆಯ ಕರಪತ್ರ ಬರೆದೆ.

ವಾರದ ರಜೆ ಹೇಗೆ ಪಡೆದೆ, ಮೊದಲಿನಿಂದ ಕೊನೆಯವರೆಗೆ ಬಿಡಿಸಿ ಬರೆ. ನೀಲಾ ಕೇಳುತ್ತಿದ್ದಾಳೆ.

ಪರಶಪ್ಪ

*

ನಿಕೋಸಿಯಾ
೩೦ ಜುಲೈ ೨೦೨೪

ಅಪ್ಪಾ,

ಡ್ಯಾಮಿನಿಂದ ಹೊಳೆಗೆ ನೀರು ಬಿಟ್ಟಿದ್ದಾರೆಂದು ಫೋನಿನಲ್ಲಿ ನೋಡಿದೆ. ನೀಲಾಳ ಫೋನ್ ಹತ್ತುತ್ತಿಲ್ಲ. ನಿನ್ನದೂ ಹತ್ತುತ್ತಿಲ್ಲ. ನೀನು ಎತ್ತದೆ ಇರುವುದಕ್ಕೂ ಅದು ಹತ್ತದೆ ಇರುವುದಕ್ಕೂ ಎಷ್ಟು ವ್ಯತ್ಯಾಸ ಎಂದು ಇವತ್ತು ತಿಳಿಯಿತು. ನೀನು ಎತ್ತದಿದ್ದಾಗ ನೀನು ಇದ್ದೀ ಎಂದು ಖಾತ್ರಿಯಿತ್ತು.

ಇಲ್ಲಿ ಪೆಡಿಯೋಸ್ ಪೂರ್ತಿ ಒಣಗಿದೆ. ಹೊಳೆಯ ಹೊಟ್ಟೆಯಲ್ಲಿ ನಾಯಿ ಮಲಗಿರುತ್ತವೆ. ಅಜ್ಜಿ ನನ್ನ ಮುಖ ನೋಡಿ ಇವತ್ತು ತಿರುಗಾಡಲು ಬೇಡ ಎಂದಳು. ತನ್ನ ತಟ್ಟೆಯನ್ನು ನನ್ನ ಕಡೆ ಸರಿಸಿದಳು.

ಈ ಕಾಗದ ಮುಟ್ಟುವ ಹೊತ್ತಿಗೆ ನೀರು ಇಳಿದಿರುತ್ತದೆ. ಆದರೂ ಬರೆಯುತ್ತಿದ್ದೇನೆ. ಸುಮ್ಮನೆ ಕೂರಲು ಆಗುವುದಿಲ್ಲ.

ಎಲ್ಲಿದ್ದೀ?

ಅನಿತಾ

*

ಹಾಳೂರ ದಿಬ್ಬ
೨೨ ಆಗಸ್ಟ್ ೨೦೨೪

ಮಗಳೇ,

ಮೇಲಿನ ವಿಳಾಸ ಓದು. ಮತ್ತೊಮ್ಮೆ ಓದು. ನಾನು ಇಲ್ಲಿದ್ದೇನೆ.

ಕೇರಿಯಲ್ಲಿ ಒಬ್ಬರಿಗೂ ಏನೂ ಆಗಿಲ್ಲ. ಹೊಳೆ ಏರುತ್ತದೆಂಬ ಸುದ್ದಿ ಬಂದ ಬೆಳಗ್ಗೆಯೇ ನಾವು ಯಾರ ಅಪ್ಪಣೆಗೂ ಕಾಯದೆ ಹೊರಟೆವು. ಜಂತಿ, ತೊಲೆ, ಬೀಸುವ ಕಲ್ಲು, ಕೋಳಿ, ಆಡು, ಕರೆಪ್ಪನ ಹುಕ್ಕಾ, ಎಲ್ಲ ಚಕ್ಕಡಿಗೆ ಹೇರಿ ದಿಬ್ಬ ಹತ್ತಿದೆವು. ಮಧ್ಯಾಹ್ನದ ಹೊತ್ತಿಗೆ ಊರಿನ ಓಣಿಗಳಲ್ಲೂ ನೀರು. ಊರಿನವರು ಎಲ್ಲಿಗೆ ಹೋಗಬೇಕು? ಮಡ್ಡಿಗೆ ಐದು ಕಿಲೋಮೀಟರ್, ರಸ್ತೆಯ ಮೇಲೆ ಹಳ್ಳ ತುಂಬಿದೆ. ಅವರೂ ದಿಬ್ಬ ಹತ್ತಿದರು. ಮೊದಲು ಸ್ವಲ್ಪ ದೂರ ನಿಂತರು. ಮಳೆ ಜೋರಾದಾಗ ದೂರ ಕಡಿಮೆಯಾಯಿತು. ಮುತ್ತಣ್ಣನ ತಾಯಿ ಅನ್ನವ್ವ ಗಜೇಂದ್ರಗಡದ ಸೀರೆಯ ಸೆರಗು ಹಿಂಡಿಕೊಳ್ಳುತ್ತ ಕರೆಪ್ಪನ ಒಲೆಯ ಮುಂದೆ ಬಂದು ಕೂತಳು.

"ಕರೆಪ್ಪಾ, ಬೆಂಕಿ ಈಕಡಿ ಒಂದೀಟು ಸರಸೋ."

"ಬೆಂಕಿ ಸರಸೂದಿಲ್ಲವಾ, ನೀನ ಸರಿ," ಅಂದ ಕರೆಪ್ಪ. ಮುದುಕಿ ಸರಿದು ಕೂತಳು.

ಅವಳಿಗೆ ಮಗನ ಮೇಲೆ ಮಿರಗದಿಂದಲೂ ಸಿಟ್ಟು. ಅವನ ಜೆಸಿಬಿ ಬಂದಿತ್ತಲ್ಲ, ಅದರ ಡ್ರೈವರ್ ಪರವೂರಿನವನು. ಕೈಗೆ ಸಿಕ್ಕ ಕಡೆ ದಿಬ್ಬ ಬಗೆದು ಮಣ್ಣು ತುಂಬಿ ಗೌಡನ ಅಂಗಳದಲ್ಲಿ ಸುರುವಿ ಹೋದ. ನಮ್ಮ ಪದ್ಧತಿ ನಿನಗೆ ನೆನಪಿದೆಯಲ್ಲ, ಊರಿನ ಮನೆಮನೆಗೆ ದಿಬ್ಬದಲ್ಲಿ ಒಂದೊಂದು ಕುಣಿ, ಮಣ್ಣು ಅಗೆಯುವ ತಗ್ಗು. ಆ ಮನೆಯ ಮ್ಯಾಳಗಿಗೆ ಆ ಕುಣಿಯ ಮಣ್ಣೇ ಏರಬೇಕು. ಮಂದಿಯ ಕುಣಿಯ ಮಣ್ಣು ಹಾಕಿದರೆ ಮನೆ ಬೀಳುತ್ತದೆ ಎಂಬ ನಂಬಿಕೆ. "ಯಾರ ಕುಣಿ ಮಣ್ಣಲೇ ಇದು? ನನ್ನ ತಲಿ ಮ್ಯಾಲ ಮಂದೀ ಮಣ್ಣು ಹಾಕತಿಯೇನ?" ಎಂದು ಅನ್ನವ್ವ ಒಂದು ಬುಟ್ಟಿಯನ್ನೂ ಮೇಲೆ ಏರಿಸಗೊಡಲಿಲ್ಲ. ಮಣ್ಣು ಅಂಗಳದಲ್ಲೇ ರಾಡಿಯಾಯಿತು. ಮ್ಯಾಳಗಿ ಅವಳ ಹಾಸಿಗೆಯ ಮೇಲೇ ಸೋರಿತು.

ಮೂರನೆಯ ದಿನ ಮಳೆ ಹೊಳವಾಯಿತು. ತಾಲ್ಲೂಕು ಕಚೇರಿಯ ಸಾಹೇಬರು ಟ್ರ್ಯಾಕ್ಟರ್ ಏರಿ ಅಕ್ಕಿ, ಬೇಳೆ ತಂದರು. ದಿಬ್ಬದ ನೆತ್ತಿಯಲ್ಲಿ ನಾವು ಆಗಲೇ ಕಂಬ ನೆಟ್ಟಿದ್ದೆವು. ನೋಡಿದರು. "ಇದ್ಯಾರ ಜಾಗಾ?"

"ನಮ್ಮದ್ರೀ ಸಾಹೇಬ್ರ," ಅಂದ ಮುತ್ತಣ್ಣ. "ನಮ್ಮಪ್ಪ, ನಮ್ಮ ಮುತ್ಯಾ ಕಾಲದಿಂದ ನಮ್ಮದ. ಇವರು ಅಡ್ಡಗಾಲ ಹಾಕ್ಯಾರ."

ನಾನು ಬಾಯಿ ತೆರೆಯಬೇಕು, ಅಷ್ಟರಲ್ಲಿ ಒಲೆಯ ಮುಂದಿನಿಂದ ಅನ್ನವ್ವ ಕೂಗಿದಳು. "ಸುಳ್ಳ್ಯಾಕ ಹೇಳತೀಲೇ ಮುತ್ತಣ್ಣಾ? ನಮ್ಮದು ಒಂದ ಕುಣಿ, ಅಕಾ ಆ ಜಾಲಿಗಿಡದ ಬುಡಕ. ನಿಮ್ಮಪ್ಪ ಸಾಯೂತನಕಾ ಅದೊಂದ ಕುಣಿ ಮಣ್ಣು ತರಸಿದ. ನೀ ಮಂದೀ ಕುಣಿ ಬಗದಿ, ಅದಕ್ಕ ಹೊಳಿ ಮನಿಗೆ ಬಂತು!"

ಸಾಹೇಬರಿಗೆ ತಲೆಬುಡ ತಿಳಿಯಲಿಲ್ಲ. ನೀಲಾ ಬಿಡಿಸಿ ಹೇಳಿದಳು. ಕೊನೆಗೆ ಗೌಡನ ಕಡೆ ತಿರುಗಿ, "ತಮ್ಮ ಸ್ವಂತ ಹೊಲದಾಗ ತಮಗ ಒಂದ ಕುಣಿ ಯಾಕ್ರೀ ಗೌಡ್ರ? ಊರಾಗಿನ ಮಂದಿಗೆಲ್ಲ ಉಳಿದ ಕುಣಿ ಕೊಟ್ಟೀರೇನು ಧರ್ಮಕ್ಕ?" ಅಂದಳು.

"ಹಂಗಾರ ಅವರವರ ಕುಣಿ ತೋರಸ್ರಿ ನೋಡೂಣು," ಅಂದರು ಸಾಹೇಬರು.

ಆ ಹೊತ್ತು ನೀನು ಇರಬೇಕಿತ್ತು ಮಗಳೇ. ದಿಬ್ಬ ಗೌಡನದು ಎಂದು ಒಪ್ಪಿದರೆ ಊರಿನ ಒಂದೊಂದು ಮನೆಯೂ ತನ್ನ ಕುಣಿ ಕಳೆದುಕೊಳ್ಳುತ್ತದೆ. ಆಮೇಲೆ ಬುಟ್ಟಿಬುಟ್ಟಿಗೂ ಅವನ ಬಾಗಿಲು ಕಾಯಬೇಕು. ಸಭೆಯಲ್ಲಿ ಕಾಲ ಬೆರಳು ನೋಡಿಕೊಂಡಿದ್ದ ಹಿರಿಯರು ಒಬ್ಬೊಬ್ಬರೇ ಧೋತರ ಎತ್ತಿ ಹಿಡಿದು ಇಳಿಜಾರಿಗೆ ಇಳಿದರು. ಒಬ್ಬೊಬ್ಬರೂ ತಮ್ಮ ಕುಣಿಯಲ್ಲಿ ಹೋಗಿ ನಿಂತರು. ಮೊಣಕಾಲಿನ ತನಕ ಕೆಸರು. ದಿಬ್ಬದ ಸುತ್ತ ಇಡೀ ಊರು ನೆಟ್ಟ ಹಾಗೆ ನಿಂತಿತ್ತು. ಅನ್ನವ್ವ ಕೋಲು ಊರಿಕೊಂಡು ಹೋಗಿ ಜಾಲಿಗಿಡದ ಬುಡದಲ್ಲಿ ನಿಂತಳು. ನಮ್ಮ ಮೇಲಿನ ಪ್ರೀತಿಗೆ ಒಬ್ಬನೂ ನಿಲ್ಲಲಿಲ್ಲ. ತಮ್ಮ ತಮ್ಮ ತಲೆಯ ಮೇಲಿನ ಮಣ್ಣಿಗಾಗಿ ನಿಂತರು. ನಿಲ್ಲಲಿ. ನಿಂತರಲ್ಲ!

ಸಾಹೇಬರು ನನ್ನ ಕಡೆ ತಿರುಗಿದರು. "ನಿಮ್ಮ ಕೇರಿಯವರ ಕುಣಿ ಯಾವುದು?"

"ನಮಗ ಕುಣಿ ಇಲ್ರಿ. ನಮ್ಮವು ತಗಡಿನ ಮನಿ," ಅಂದೆ. "ಆದರ ಇವರೆಲ್ಲಾರ ಕುಣಿಯೊಳಗೂ ನಿಂತು ಅಗದವರು ನಾವ. ಯಾರೂ ಅಗೀದ ಜಾಗ ಇದೊಂದ, ಈ ನೆತ್ತಿ. ಇದನ್ನ ಕೇಳಾಕತ್ತೀವಿ."

ಸಾಹೇಬರು ನೆತ್ತಿಯ ಮೇಲೆ ಅಡ್ಡಾಡಿದರು. ಊರಿನ ಸಾರ್ವಜನಿಕ ಜಾಗ ಎಂದು ಬರೆಯುತ್ತೇನೆ ಎಂದಿದ್ದಾರೆ. ನೀರು ಇಳಿಯಿತು, ಊರಿನವರು ಕೆಳಗೆ ಇಳಿದರು. ನಾವು ಇಳಿದಿಲ್ಲ. ಇಳಿಯುವುದಿಲ್ಲ.

ನಿನ್ನ ಜುಲೈ ತಿಂಗಳ ಕಾಗದ ನಿನ್ನೆ ಬಂತು. ನನ್ನ ಫೋನು ಹೊಳೆಯಲ್ಲಿ ಹೋಗಿತ್ತು. ಹೊಸದು ತಗೊಂಡಿದ್ದೇನೆ. ನಂಬರು ಹಳೆಯದೇ.

ಪರಶಪ್ಪ

*

ನಿಕೋಸಿಯಾ
೨೯ ಸೆಪ್ಟೆಂಬರ್ ೨೦೨೪

ಅಪ್ಪಾ, ಜೈಭೀಮ್.

ಫೋನಿನಲ್ಲಿ ಮೊನ್ನೆ ನಾವಿಬ್ಬರೂ "ಆರಾಮ?" "ಆರಾಮ" ಬಿಟ್ಟರೆ ಏನೂ ಮಾತಾಡಲಿಲ್ಲ. ಕಾಗದವೇ ವಾಸಿ.

ನಿನ್ನ ಕಾಗದವನ್ನು ಅಜ್ಜಿಗೆ ಓದಿ ಹೇಳಿದೆ. ಎಲ್ಲರೂ ಕುಣಿಯಲ್ಲಿ ಹೋಗಿ ನಿಂತರು ಎಂದಾಗ ಗಾಲಿಕುರ್ಚಿಯ ಹಿಡಿಕೆ ಬಡಿದಳು. ಆಮೇಲೆ ಕೇಳಿದ್ದು ಒಂದೇ ಮಾತು: "ಸಾಹೇಬರು ಕಾಗದದಾಗ ಏನಂತ ಬರದಾರ?"

ಗೊತ್ತಿಲ್ಲ ಎಂದೆ. ಅವಳು ಕೈ ಎತ್ತಿ ತನ್ನ ಮನೆಯ ಗೋಡೆ ತೋರಿಸಿದಳು. ನಾನು ದಿನವೂ ಒರೆಸುವ ಗೋಡೆ. ಅದು ನಿರಾಶ್ರಿತರಿಗೆಂದು ಕಟ್ಟಿಸಿಕೊಟ್ಟ ಮನೆ. ಕೊಡುವಾಗ ತಾತ್ಕಾಲಿಕ ಎಂದು ಹೇಳಿದ್ದರಂತೆ. ಅವಳು ಮದುವೆಯ ಸೀರೆಯಂಥ ಬಟ್ಟೆಯನ್ನು ಪೆಟ್ಟಿಗೆಯಿಂದ ತೆಗೆಯಲೇ ಇಲ್ಲ, ಹೇಗೂ ವಾಪಸು ಹೋಗುತ್ತೇವಲ್ಲ ಎಂದು. ಆ ತಾತ್ಕಾಲಿಕಕ್ಕೆ ಈಗ ಐವತ್ತು ವರ್ಷ.

"ನಿಮ್ಮಪ್ಪಗ ಹೇಳು. ಆ ಒಂದು ಶಬ್ದ ಇದ್ದರ ಹೆಬ್ಬಟ್ಟು ಒತ್ತಬ್ಯಾಡ ಅನ್ನು," ಎಂದಳು.

ಅಪ್ಪಾ, ಆ ಶಬ್ದದ ಕೆಳಗೆ ಅವ್ವ ಮಲಗಿದ್ದಳು. ನಾನು ಆಗ ಕಾಣಲಿಲ್ಲ. ಈಗ ಕಂಡಿದ್ದೇನೆ.

ಕರಿಯವ್ವನ ಮಗಳು
ಅನಿತಾ

*

ಹಾಳೂರ ದಿಬ್ಬ, ಕುರುವಿನಹಾಳ
೧೨ ಜನವರಿ ೨೦೨೫

ಮಗಳೇ, ನಿನಗೂ ನಿನ್ನ ಅಜ್ಜಿಗೂ ಕೇರಿಯ ಜೈಭೀಮ್.

ನಿನ್ನ ಅಜ್ಜಿ ಇಲ್ಲಿ ಕೂತು ನೋಡಿದವಳ ಹಾಗೆ ಹೇಳಿದ್ದಾಳೆ. ಅಕ್ಟೋಬರಿನಲ್ಲಿ ಕಾಗದ ತಂದರು. ಓದಿದೆ. "ತಾತ್ಕಾಲಿಕ ವಸತಿಗೆ" ಎಂದಿತ್ತು. ಸಹಿ ಹಾಕಲಿಲ್ಲ. ಕೇರಿಯ ಒಬ್ಬರೂ ಹಾಕಲಿಲ್ಲ. "ಸುಮ್ಮನ ಸಹಿ ಮಾಡ್ರಿ, ಮುಂದ ಸರಿ ಮಾಡೂಣು," ಅಂದ ಬಂದವನು. "ನಮ್ಮ ಮುಂದ ಅನ್ನೂದು ಐವತ್ತು ವರ್ಷ ಆಗತೈತ್ರಿ. ಸೈಪ್ರಸ್‌ದಾಗ ಒಬ್ಬಾಕಿ ಅಜ್ಜಿ ಅದಾಳ, ಬೇಕಾರ ಕೇಳ್ರಿ," ಅಂದಳು ನೀಲಾ. ಅವನು ಸೈಪ್ರಸ್ ಯಾವ ತಾಲ್ಲೂಕಿನಲ್ಲಿ ಬರುತ್ತದೆ ಎಂದು ಕೇಳಿದ.

ಕಚೇರಿಯ ಮುಂದೆ ಕೂತೆವು. ಹೆಂಗಸರು ಒಲೆ ಅಲ್ಲೇ ಹೂಡಿದರು. ಡಿಸೆಂಬರ್ ಮುಗಿಯುವ ಮೊದಲು ಕಾಗದ ಬದಲಾಗಿ ಬಂತು. ಆ ಶಬ್ದ ಇಲ್ಲ. ಹೆಸರು ಹೆಸರಿಗೆ ಹಕ್ಕುಪತ್ರ. ನಾಲ್ಕೂ ಮೂಲೆಗೆ ಕಲ್ಲು ನೆಟ್ಟರು. ಈ ಸಲ ಟೇಪಿನ ಒಂದು ತುದಿ ನಾನೇ ಹಿಡಿದಿದ್ದೆ. ಮುತ್ತಣ್ಣ ಕೋರ್ಟಿಗೆ ಹೋಗುತ್ತೇನೆ ಎನ್ನುತ್ತಾನೆ. ಹೋಗಲಿ. ಅವನ ತಾಯಿಯೇ ನಮ್ಮ ಸಾಕ್ಷಿ.

ನಮ್ಮ ಮನೆಯ ಪಾಯ ತೆಗೆಯುವಾಗ ಮೊಳ ಆಳದಲ್ಲಿ ಮೂರು ಕಲ್ಲು ಸಿಕ್ಕವು, ನಡುವೆ ಕರಿ ಬೂದಿ. ಯಾರೋ ಅಡಿಗೆ ಮಾಡಿದ ಒಲೆ. ಯಾವ ಕಾಲದ್ದೋ, ಯಾವ ಜಾತಿಯದ್ದೋ. ಅದನ್ನು ಕೆಡಿಸಲಿಲ್ಲ. ಮಣ್ಣು ಮುಚ್ಚಿ, ಸರಿಯಾಗಿ ಅದರ ಮೇಲೇ ನಮ್ಮ ಒಲೆ ಹೂಡಿದ್ದೇನೆ. ಈ ಮನೆಗೆ ತಗಡು ಹಾಕಲಿಲ್ಲ, ಮ್ಯಾಳಗಿ ಹಾಕಿದ್ದೇನೆ. ಊರಿನವರ ಮ್ಯಾಳಗಿಗೂ ಈ ವರ್ಷ ನಾವೇ ಮಣ್ಣು ಹೊರಬಹುದು, ಹೊರದೆ ಇರಬಹುದು. ಇನ್ನು ಮೇಲೆ ಅವರು ಬಂದು ಕೇಳಬೇಕು, ನಾವು ಕೂಲಿ ಹೇಳಬೇಕು. ಬಾಗಿಲು ಹೊಳೆಯ ಕಡೆಗಿದೆ. ಹೊಸ್ತಿಲ ಮೇಲೆ ಕೂತರೆ ಕರಿಯವ್ವ ಮಲಗಿದ ಜಾಗ ಕಾಣುತ್ತದೆ. ನೀನು ಬರೆದಿದ್ದೆಯಲ್ಲ, ಖರೇ. ದಿನಾ ಅಲ್ಲೇ ಕೂತು ಚಹಾ ಕುಡಿಯುತ್ತೇನೆ.

ನಿನ್ನ ಮಗಳು ಅಲ್ಲೇನು ಕೆಲಸ ಮಾಡುತ್ತಾಳೆ ಎಂದು ಯಾರಾದರೂ ಕೇಳಿದರೆ, ಮನೆ ಕಳೆದುಕೊಂಡ ಒಬ್ಬ ಹಿರಿಯಳನ್ನು ನೋಡಿಕೊಳ್ಳುತ್ತಾಳೆ ಎನ್ನುತ್ತೇನೆ. ದನಿ ಎತ್ತರಿಸಿಯೇ ಹೇಳುತ್ತೇನೆ. ಕರಾರು ಮುಗಿದ ಮೇಲೆ ಬರುವುದೂ ಬಿಡುವುದೂ ನಿನ್ನ ಇಷ್ಟ. ಒಂದು ಕೋಣೆ ಬಿಟ್ಟಿದ್ದೇನೆ. ಖಾಲಿ ಇದೆ ಎಂದು ಜೋಳದ ಚೀಲ ಇಟ್ಟಿದ್ದೇನೆ, ಬಂದರೆ ತೆಗೆಯುತ್ತೇನೆ.

ನಿನ್ನೆ ಮುಂಜಾನೆ ನೀಲಾ ದಿಬ್ಬದ ಕೆಳಗಿನ ಹೊಸ ಘಟ್ಟದಲ್ಲಿ ಮೊದಲ ಕೊಡ ತುಂಬಿದಳು. ತುಂಬುವ ಮೊದಲು ಕೊಡವನ್ನು ಹೊಳೆಯಲ್ಲಿ ಅದ್ದಿ, ಒಳಗೂ ಹೊರಗೂ ಉಜ್ಜಿ ಉಜ್ಜಿ ತೊಳೆದಳು. ಬೇಕೆಂದೇ ಹೊತ್ತು ಹಿಡಿದಳು. ನಾವೆಲ್ಲ ಮೇಲೆ ನಿಂತು ನೋಡುತ್ತಿದ್ದೆವು. ಆ ನೀರು ಸಾವಕಾಶ ಕೆಳಗೆ ಹರಿದು ಊರಿನ ಘಟ್ಟಕ್ಕೆ ಹೋಯಿತು. ಅಲ್ಲಿ ಹೆಂಗಸರು ಕೊಡ ಹಿಡಿದುಕೊಂಡು ಒಂದು ಗಳಿಗೆ ನಿಂತರು. ಆಮೇಲೆ ಅನ್ನವ್ವ ಬಗ್ಗಿ ಬೊಗಸೆಯಲ್ಲಿ ತುಂಬಿಕೊಂಡು ಕುಡಿದಳು.

ಇವತ್ತಿಗೆ ಎರಡನೆಯ ದಿನ. ಮುದುಕಿ ಗಟ್ಟಿಮುಟ್ಟಾಗಿದ್ದಾಳೆ. ಈಗಷ್ಟೇ ಕೆಳಗೆ ನಿಂತು ಮಗನನ್ನು ಬೈಯುತ್ತಿದ್ದಳು. ಇಲ್ಲಿಯವರೆಗೂ ಕೇಳಿಸುತ್ತಿತ್ತು.

ನಿನ್ನ
ಅಪ್ಪ